ಅಲಾಸ್ಕಾದ ಒಳನಾಡಿಗೆ ಒಂದು ದಿನ: ಬಸ್ಸೋ, ಪುಟ್ಟ ವಿಮಾನವೋ, ರೈಲೋ, ಲಾರಿ ರಸ್ತೆಯೋ?

ಅಲಾಸ್ಕಾಗೆ ಹೋಗುವ ನಮ್ಮವರ ಪ್ಲಾನ್ ಹೆಚ್ಚೂಕಡಿಮೆ ಒಂದೇ ತರಹ ಇರುತ್ತದೆ. ಊರಿನಿಂದ ಅಪ್ಪ ಅಮ್ಮ ಬಂದಿರುತ್ತಾರೆ. ಮಕ್ಕಳಿಗೆ ಬೇಸಿಗೆ ರಜೆ. ಸಿಯಾಟಲ್‌ನಿಂದ ಆಂಕರೇಜ್‌ಗೆ ಸುಮಾರು ಮೂರೂವರೆ ಗಂಟೆಯ ವಿಮಾನ. ಸೆವಾರ್ಡ್‌ನಲ್ಲಿ ಹಿಮನದಿ ತೋರಿಸುವ ದೋಣಿ ಹತ್ತಿ ಇಳಿಯುವಷ್ಟರಲ್ಲಿ ಅರ್ಧ ರಜೆ ಮುಗಿದಿರುತ್ತದೆ. ಉಳಿದ ಅರ್ಧದಲ್ಲಿ ಒಂದು ದಿನವಾದರೂ ಒಳನಾಡಿನ ಕಾಡು, ಬಯಲು ನೋಡಲೇಬೇಕು ಅಂತ ಹುಡುಕಲು ಕೂತರೆ ನಾಲ್ಕು ದಾರಿ ಕಾಣುತ್ತವೆ. ಡೆನಾಲಿ ನ್ಯಾಷನಲ್ ಪಾರ್ಕಿನ ಬಸ್ಸು. ಟಾಲ್ಕೀಟ್ನಾದಿಂದ ಹಾರುವ ಪುಟ್ಟ ವಿಮಾನ. ಅಲಾಸ್ಕಾ ರೈಲ್‌ರೋಡ್. ಫೇರ್‌ಬ್ಯಾಂಕ್ಸ್‌ನಿಂದ ಆರ್ಕ್ಟಿಕ್ ವೃತ್ತದವರೆಗೆ ಕರೆದುಕೊಂಡು ಹೋಗುವ ವ್ಯಾನ್.

ನಾಲ್ಕೂ ಒಳ್ಳೆಯವೇ. ಆದರೆ ನಾಲ್ಕೂ ಒಂದೇ ಮನೆಯವರಿಗೆ ಹೊಂದುವಂಥವಲ್ಲ.

ಇವನ್ನು ತೂಗಿ ನೋಡುವಾಗ ನಾನು ಕೇಳಿಕೊಳ್ಳುವ ಪ್ರಶ್ನೆ ಒಂದೇ: ಆ ದೊಡ್ಡ ಪರ್ವತ ಮುಖ ತೋರಿಸದೇ ಹೋದರೂ ಈ ದಿನ ದುಡ್ಡು ವಸೂಲಾಗುತ್ತದಾ? ಯಾಕೆ ಅಂದರೆ ಡೆನಾಲಿ ಉತ್ತರ ಅಮೆರಿಕದ ಅತಿ ಎತ್ತರದ ಶಿಖರ, 20,310 ಅಡಿ, ಅಂದರೆ 6,190 ಮೀಟರ್. ತನ್ನ ಮೋಡವನ್ನು ತಾನೇ ಕಟ್ಟಿಕೊಳ್ಳುವಷ್ಟು ದೊಡ್ಡದು. ಬೇಸಿಗೆಯಲ್ಲಿ ಬರುವವರಲ್ಲಿ ಮೂರರಲ್ಲಿ ಒಬ್ಬರಿಗೆ ಮಾತ್ರ ಅದು ಕಾಣುತ್ತದೆ ಅನ್ನುವುದು ಅಲ್ಲಿ ಎಲ್ಲರ ಬಾಯಲ್ಲೂ ಇರುವ ಲೆಕ್ಕ. ಆಗುಂಬೆಯ ಸೂರ್ಯಾಸ್ತದ ಹಾಗೆ. ಅಷ್ಟು ದೂರದಿಂದ ಹೋಗಿ ಕಟ್ಟೆಯ ಮೇಲೆ ನಿಂತರೆ ಮುಂದೆ ಬರೀ ಬಿಳಿ ಮೋಡ, ಪಕ್ಕದಲ್ಲಿ ಬಜ್ಜಿ ತಿನ್ನುವ ಜನ.

ಹೆಸರಿನ ಬಗ್ಗೆ ಒಂದು ಮಾತು, ಹುಡುಕುವಾಗ ಗೊಂದಲ ಆಗದಿರಲಿ ಅಂತ. 2015ರಲ್ಲಿ ಪರ್ವತಕ್ಕೆ ಸರ್ಕಾರಿ ಹೆಸರು ಡೆನಾಲಿ ಅಂತ ಆಯಿತು. 2025ರಲ್ಲಿ ಫೆಡರಲ್ ಸರ್ಕಾರ ಮತ್ತೆ ಮೌಂಟ್ ಮೆಕಿನ್ಲಿ ಅಂತ ಮಾಡಿತು. ಪಾರ್ಕಿನ ಹೆಸರು ಮಾತ್ರ ಡೆನಾಲಿ ಅಂತಲೇ ಉಳಿದಿದೆ. ಅಲ್ಲಿಯ ಜನರೂ ಹಾಗೇ ಕರೆಯುತ್ತಾರೆ.

ಡೆನಾಲಿ ಬಸ್ಸು

ಬಹಳ ಜನ ಅಂದುಕೊಂಡಿರುವುದು ಈ ಪಾರ್ಕು ಪರ್ವತಕ್ಕೋಸ್ಕರ ಆಗಿದ್ದು ಅಂತ. ಅಲ್ಲ, ಕುರಿಗೋಸ್ಕರ. ಚಾರ್ಲ್ಸ್ ಶೆಲ್ಡನ್ ಅನ್ನುವ ಬೇಟೆಗಾರ 1906ರಲ್ಲಿ ಇಲ್ಲಿಗೆ ಬಂದ. ಬೆಟ್ಟದ ಮೇಲಿನ ಬಿಳಿ ಡಾಲ್ ಕುರಿಗಳನ್ನು ಮಾಂಸಕ್ಕಾಗಿ ಹೊಡೆದು ಮುಗಿಸಿಬಿಡುತ್ತಾರೆ ಅಂತ ಅವನಿಗೆ ಚಿಂತೆ ಹತ್ತಿತು. ವರ್ಷಗಟ್ಟಲೆ ವಾಷಿಂಗ್ಟನ್‌ನಲ್ಲಿ ಬೆನ್ನು ಬಿದ್ದು 1917ರಲ್ಲಿ ಪಾರ್ಕು ಮಾಡಿಸಿದ. ಆಗ ಎಳೆದ ಗಡಿಯೊಳಗೆ ಇಡೀ ಪರ್ವತ ಸಹ ಇರಲಿಲ್ಲ. 1980ರಲ್ಲಿ ಪಾರ್ಕನ್ನು ದೊಡ್ಡದು ಮಾಡಿದಾಗಲೇ ಅದು ಪೂರ್ತಿ ಒಳಗೆ ಬಂದಿದ್ದು. ಇದನ್ನು ಯಾಕೆ ಹೇಳಿದೆ ಅಂದರೆ, ಬಸ್ಸು ಹತ್ತುವವರು ಪ್ರಾಣಿ ನೋಡಲು ಹೊರಟರೆ ಖುಷಿಯಾಗಿ ವಾಪಸ್ ಬರುತ್ತಾರೆ. ಪರ್ವತ ನೋಡಲು ಹೊರಟವರು ಮುಖ ಸಣ್ಣ ಮಾಡಿಕೊಂಡು ಇಳಿಯುವುದೇ ಹೆಚ್ಚು.

ಪಾರ್ಕಿನ ಒಳಗೆ ಇರುವುದು ಒಂದೇ ರಸ್ತೆ, 92 ಮೈಲಿ. ಬೇಸಿಗೆಯಲ್ಲಿ ಸ್ವಂತ ಕಾರು ಹೋಗುವುದು ಮೊದಲ 15 ಮೈಲಿ, ಸ್ಯಾವೇಜ್ ನದಿಯವರೆಗೆ. ಅಲ್ಲಿಂದ ಮುಂದೆ ಡಾಂಬರಿಲ್ಲ, ಕಾರಿಗೆ ದಾರಿಯೂ ಇಲ್ಲ. ಬಸ್ಸು, ಸೈಕಲ್ಲು, ಇಲ್ಲ ಕಾಲ್ನಡಿಗೆ. 1972ರಲ್ಲಿ ಆಂಕರೇಜ್ ಮತ್ತು ಫೇರ್‌ಬ್ಯಾಂಕ್ಸ್ ಮಧ್ಯೆ ಹೆದ್ದಾರಿ ಪೂರ್ತಿಯಾಗಿ ಕಾರುಗಳು ನುಗ್ಗುವ ಹೊತ್ತಿಗೆ ಈ ಬಸ್ಸಿನ ಪದ್ಧತಿ ತಂದರು. ಆ ನಿರ್ಧಾರದ ಲಾಭ ಇವತ್ತಿಗೂ ನಮಗೆ ಸಿಗುತ್ತಿದೆ. ಅಲ್ಲಿಯ ಕರಡಿಗಳು ಬಸ್ಸನ್ನು ಕಂಡರೆ ಓಡುವುದಿಲ್ಲ, ತಿರುಗಿಯೂ ನೋಡುವುದಿಲ್ಲ.

ಈಗ ಮುಖ್ಯ ವಿಷಯ. ಹಳೆಯ ಪ್ರವಾಸ ಕಥನಗಳಲ್ಲಿ ಬರುವ ಐಲ್ಸನ್ ಸೆಂಟರ್, ವಂಡರ್ ಲೇಕ್ ಇವೆಲ್ಲ ಸದ್ಯಕ್ಕೆ ಬಸ್ಸಿಗೆ ಸಿಗುವುದಿಲ್ಲ. 45ನೇ ಮೈಲಿಯ ಹತ್ತಿರ ಪ್ರಿಟಿ ರಾಕ್ಸ್ ಅನ್ನುವ ಕಡೆ ಗುಡ್ಡ ರಸ್ತೆಯ ಸಮೇತ ಜಾರುತ್ತಿದೆ. ಒಳಗೆ ವರ್ಷಗಟ್ಟಲೆ ಹೆಪ್ಪುಗಟ್ಟಿ ಕೂತಿದ್ದ ನೆಲ ಕರಗುತ್ತಿರುವುದೇ ಕಾರಣ. 2014ಕ್ಕೆ ಮುಂಚೆ ರಸ್ತೆಯಲ್ಲಿ ಸಣ್ಣ ಬಿರುಕು ಬಿಡುತ್ತಿತ್ತು, ಅಷ್ಟೇ. 2021ರ ಹೊತ್ತಿಗೆ ಗಂಟೆಗೆ ಅರ್ಧ ಇಂಚಿಗಿಂತ ಜಾಸ್ತಿ ಜಾರತೊಡಗಿತು. ಆ ಆಗಸ್ಟ್‌ನಲ್ಲಿ ರಸ್ತೆ ಮುಚ್ಚಿದರು. ಜಾರುವ ಜಾಗದ ಮೇಲೆ ಸೇತುವೆ ಕಟ್ಟುವ ಕೆಲಸ ನಡೆದಿದ್ದು, 2026ರ ಬೇಸಿಗೆ ಮುಗಿಯುವವರೆಗೂ ಬಸ್ಸುಗಳು 43ನೇ ಮೈಲಿಯ ಈಸ್ಟ್ ಫೋರ್ಕ್‌ನಲ್ಲೇ ತಿರುಗುತ್ತವೆ. ಅದರ ನಂತರದ ವರ್ಷಕ್ಕೆ ಪ್ಲಾನ್ ಮಾಡುವವರು ಬುಕ್ ಮಾಡುವ ಮೊದಲು ಪಾರ್ಕ್ ಸರ್ವಿಸ್‌ನ ಪುಟದಲ್ಲಿ ರಸ್ತೆಯ ಸ್ಥಿತಿ ನೋಡಿಕೊಳ್ಳಿ.

43 ಮೈಲಿಗೇ ತಿರುಗುತ್ತದೆ ಅಂತ ಬೇಜಾರು ಬೇಡ. ಪ್ರಾಣಿಗಳ ಮಟ್ಟಿಗೆ ಒಳ್ಳೆಯ ಜಾಗಗಳು ಇದರೊಳಗೇ ಇವೆ. 34ನೇ ಮೈಲಿಯ ಆಸುಪಾಸಿನಲ್ಲಿ ಇಗ್ಲೂ ಬೆಟ್ಟದ ಬಂಡೆಗಳ ಮೇಲೆ ಸುಣ್ಣದ ಚುಕ್ಕೆ ಇಟ್ಟ ಹಾಗೆ ಕಾಣುವುದೇ ಶೆಲ್ಡನ್‌ನ ಕುರಿಗಳು. 39ನೇ ಮೈಲಿಯ ಸೇಬಲ್ ಪಾಸ್‌ನಲ್ಲಿ ರಸ್ತೆ ಬಿಟ್ಟು ಕಾಲಿಡಲು ಯಾರಿಗೂ ಅನುಮತಿ ಇಲ್ಲ. ಅದು ಕರಡಿಗಳ ಜಾಗ. ಇಲ್ಲಿಯ ಗ್ರಿಜ್ಲಿಗಳ ಮೈಬಣ್ಣ ತಿಳಿ, ಕೆಲವು ಒಣಹುಲ್ಲಿನ ಬಣ್ಣಕ್ಕೇ ಇರುತ್ತವೆ. ಕರಾವಳಿಯ ಕರಡಿಗಳಿಗೆ ಸಿಗುವಷ್ಟು ಮೀನು ಇವಕ್ಕಿಲ್ಲ, ಬೇರು, ಹುಲ್ಲು, ಹಣ್ಣಿನ ಮೇಲೇ ಹೊಟ್ಟೆಪಾಡು. ಅದಕ್ಕೇ ಗಾತ್ರವೂ ಸಣ್ಣದು. ಜುಲೈ ಕೊನೆಗೆ ಸೋಪ್‌ಬೆರಿ ಹಣ್ಣಾದಾಗ ನೋಡಬೇಕು. ಕರಡಿ ಗಿಡದ ರೆಂಬೆಯನ್ನು ತುಟಿಯ ಮಧ್ಯೆ ಹಿಡಿದು ಹಣ್ಣನ್ನೆಲ್ಲ ಸುಲಿದುಕೊಳ್ಳುತ್ತದೆ, ತಲೆ ಎತ್ತುವುದಿಲ್ಲ, ಮುಂದಿನ ಗಿಡಕ್ಕೆ ಹೋಗುತ್ತದೆ. ಕಿಟಕಿಗಳೆಲ್ಲ ಇಳಿದಿರುತ್ತವೆ. ಬಸ್ಸು ತುಂಬ ಜನ ಇದ್ದರೂ ಒಂದು ಮಾತಿಲ್ಲ, ಗಿಡ ಅಲ್ಲಾಡುವ ಸದ್ದು ಮಾತ್ರ.

ಪ್ರಾಣಿ ಕಂಡವರು ಕೂಗಬೇಕು, ಡ್ರೈವರ್ ನಿಲ್ಲಿಸುತ್ತಾರೆ, ಇದು ಬಸ್ಸಿನ ಪದ್ಧತಿ. ಎಲ್ಲಿ ಅಂತ ಹೇಳುವುದು ಗಡಿಯಾರದ ಲೆಕ್ಕದಲ್ಲಿ. ಬಸ್ಸಿನ ಮೂತಿ ಹನ್ನೆರಡು, ಬಲಗಡೆ ಮೂರು. "ಎರಡು ಗಂಟೆ ಕಡೆ ಕ್ಯಾರಿಬೂ!" (ಅಲ್ಲಿಯ ಒಂದು ಜಾತಿಯ ಜಿಂಕೆ) ಅಂದರೆ ಎಲ್ಲರ ಕುತ್ತಿಗೆ ಅತ್ತ ತಿರುಗುತ್ತದೆ. ಮಕ್ಕಳಿಗೆ ಈ ಆಟ ಒಮ್ಮೆ ಹತ್ತಿದರೆ ಮುಗಿಯಿತು, ಫೋನು ಕೇಳುವುದಿಲ್ಲ. ಕೇಳಿದರೂ ಪಾರ್ಕಿನ ಬಾಗಿಲು ದಾಟಿ ಸ್ವಲ್ಪ ದೂರ ಹೋದ ಮೇಲೆ ಸಿಗ್ನಲ್ ಇರುವುದಿಲ್ಲ.

ಬಸ್ಸಿನಲ್ಲಿ ಎರಡು ಜಾತಿ: ಹಸಿರು ಟ್ರಾನ್ಸಿಟ್ ಬಸ್ಸು ಮತ್ತು ಕಂದು ಬಣ್ಣದ ಟೂರ್ ಬಸ್ಸು. ಟೂರಿನಲ್ಲಿ ಮತ್ತೆ ಎರಡು. ಟಂಡ್ರಾ (ಮರ ಬೆಳೆಯದ ಚಳಿ ನಾಡಿನ ಬಯಲು) ವೈಲ್ಡರ್‌ನೆಸ್ ಟೂರ್ ಈಸ್ಟ್ ಫೋರ್ಕ್‌ವರೆಗೂ ಹೋಗುತ್ತದೆ, ಸುಮಾರು ಐದು ಐದೂವರೆ ಗಂಟೆ. ನ್ಯಾಚುರಲ್ ಹಿಸ್ಟರಿ ಟೂರ್ ಅದಕ್ಕಿಂತ ಮೊದಲೇ, ಟೆಕ್ಲಾನಿಕಾ ನದಿಯ ಕಡೆ ತಿರುಗಿಬಿಡುತ್ತದೆ.

ಟಂಡ್ರಾ ಟೂರಿನ ಡ್ರೈವರೇ ಗೈಡು. ದಾರಿಯುದ್ದಕ್ಕೂ ಮಾತಾಡುತ್ತಾರೆ. ದೂರದಲ್ಲಿ ಪ್ರಾಣಿ ಕಂಡರೆ ಜೂಮ್ ಕ್ಯಾಮೆರಾದಲ್ಲಿ ಹಿಡಿದು ಬಸ್ಸಿನೊಳಗಿನ ಪರದೆಯ ಮೇಲೆ ತೋರಿಸುತ್ತಾರೆ. ಇದು ಸಣ್ಣ ಸೌಕರ್ಯ ಅನ್ನಿಸಬಹುದು. ಆದರೆ ಕಣ್ಣಿನ ಪೊರೆ ಆಪರೇಷನ್ ಆಗಿರುವ ಅಜ್ಜನಿಗೆ ಅರ್ಧ ಮೈಲಿ ಆಚೆಯ ಕಂದು ಚುಕ್ಕೆಯನ್ನು "ಅದೇ ಕರಡಿ" ಅಂತ ತೋರಿಸಿ ನೋಡಿ, ಆಗ ಅದರ ಬೆಲೆ ಗೊತ್ತಾಗುತ್ತದೆ. ತಿನ್ನಲು ಏನೋ ಒಂದು ಸಣ್ಣ ಪೊಟ್ಟಣ ಕೊಡುತ್ತಾರೆ. ಊಟ ಅಂತ ಅದನ್ನು ನಂಬಿಕೊಂಡು ಹೋಗಬೇಡಿ.

ಟ್ರಾನ್ಸಿಟ್ ಬಸ್ಸು ಅದೇ ರಸ್ತೆಯಲ್ಲಿ, ಅದೇ ಈಸ್ಟ್ ಫೋರ್ಕ್‌ವರೆಗೆ ಹೋಗುತ್ತದೆ. ಟಿಕೆಟ್ ಮಾತ್ರ ಟೂರಿನ ಕಾಲು ಭಾಗದಷ್ಟು. ದೊಡ್ಡವರಿಗೆ 30 ಡಾಲರ್ ಚಿಲ್ಲರೆ. 15 ವರ್ಷ ಮತ್ತು ಅದಕ್ಕಿಂತ ಚಿಕ್ಕವರಿಗೆ ಟಿಕೆಟ್ಟೇ ಇಲ್ಲ. ಟೂರಾದರೆ ದೊಡ್ಡವರಿಗೆ 100 ಡಾಲರ್ ದಾಟುತ್ತದೆ, ಮಕ್ಕಳಿಗೂ ದುಡ್ಡು ಉಂಟು. ಇಬ್ಬರು ಮಕ್ಕಳ ಮನೆಯವರು ಈ ಲೆಕ್ಕ ಒಂದು ಸಲ ಹಾಕಿ ನೋಡಿ, ಉಳಿದ ದುಡ್ಡಿನಲ್ಲಿ ಒಂದು ರಾತ್ರಿಯ ರೂಮೇ ಬಂದುಬಿಡುತ್ತದೆ. ಎರಡಕ್ಕೂ ಪಾರ್ಕಿನ ಪ್ರವೇಶ ಶುಲ್ಕ ಬೇರೆ. ಟ್ರಾನ್ಸಿಟ್ ಡ್ರೈವರ್ ವಿವರಣೆ ಕೊಡಲೇಬೇಕು ಅಂತ ನಿಯಮ ಇಲ್ಲ. ಆದರೂ ವರ್ಷಗಟ್ಟಲೆ ಆ ರಸ್ತೆಯಲ್ಲಿ ಓಡಿಸಿದವರು ಸುಮ್ನೆ ಕೂರುವುದು ಕಡಿಮೆ. ಬೇಕಾದ ಕಡೆ ಇಳಿದು, ನದಿ ಪಕ್ಕ ನಡೆದು, ಮುಂದಿನ ಹಸಿರು ಬಸ್ಸಿಗೆ ಕೈ ಅಡ್ಡ ಹಾಕಬಹುದು. ಸೀಟು ಇದ್ದರೆ ಹತ್ತಿಸಿಕೊಳ್ಳುತ್ತಾರೆ. ಇಲ್ಲದಿದ್ದರೆ ಅದರ ಮುಂದಿನದಕ್ಕೆ ಕಾಯಬೇಕು. ಇಳಿಯುವವರಿಗೆ ಒಂದು ನಿಯಮ: ಕರಡಿಯಿಂದ 275 ಮೀಟರ್ ದೂರ ಇರಲೇಬೇಕು. ಫೋಟೋ ಆಸೆಗೆ ಹತ್ತಿರ ಹೋಗಬೇಡಿ.

ನನ್ನ ಅಭಿಪ್ರಾಯ ಕೇಳಿದರೆ, ನಡೆಯುವ ಮನಸ್ಸು, ಕಾಲಲ್ಲಿ ಶಕ್ತಿ ಇರುವವರಿಗೆ ಟ್ರಾನ್ಸಿಟ್ ಬಸ್ಸಿಗಿಂತ ಒಳ್ಳೆಯದು ಇಡೀ ಅಲಾಸ್ಕಾದಲ್ಲಿ ಇಲ್ಲ. ಅಪ್ಪ ಅಮ್ಮ ಜೊತೆಗಿದ್ದರೆ ಟಂಡ್ರಾ ಟೂರ್. ನ್ಯಾಚುರಲ್ ಹಿಸ್ಟರಿ ಟೂರ್ ನನಗೆ ಅಷ್ಟು ಹಿಡಿಸುವುದಿಲ್ಲ. ಮೂಲನಿವಾಸಿಗಳ ಬದುಕು, ಹಳೆಯ ಗುಡಿಸಲು, ಪಾರ್ಕಿನ ಚರಿತ್ರೆ ಎಲ್ಲ ಚೆನ್ನಾಗಿ ಹೇಳುತ್ತಾರೆ, ನಿಜ. ಆದರೆ ಬಸ್ಸು ತಿರುಗುವುದು ಪ್ರಾಣಿಗಳ ಒಳ್ಳೆಯ ಜಾಗ ಶುರುವಾಗುವ ಹೊತ್ತಿಗೆ. ಹಡಗಿನ ಪ್ಯಾಕೇಜಿನಲ್ಲಿ ಬರುವವರು ತಮ್ಮ ಪ್ಯಾಕೇಜಿನಲ್ಲಿ ಸೇರಿರುವುದು ಯಾವ ಟೂರು ಅಂತ ಹೆಸರು ಹಿಡಿದು ಕೇಳಿ. "ಡೆನಾಲಿ ಟೂರ್" ಅಂತಷ್ಟೇ ಬರೆದಿದ್ದರೆ ಸಾಲದು.

ಸೀಟುಗಳು ಹಳೆಯ ಸ್ಕೂಲ್ ಬಸ್ಸಿನ ಸೀಟುಗಳೇ. ಕಾಲು ಚಾಚಲು ಆಗುವುದಿಲ್ಲ. ಟಾಯ್ಲೆಟ್ ಬಸ್ಸಿನಲ್ಲಿ ಇಲ್ಲ, ಆದರೆ ಒಂದು ಒಂದೂವರೆ ಗಂಟೆಗೊಮ್ಮೆ ನಿಲ್ಲಿಸುತ್ತಾರೆ. ಮಗುವಿಗೆ ಕಾರಿನಲ್ಲಿ ಬೇಬಿ ಸೀಟ್ ಬೇಕಾದ ವಯಸ್ಸಾದರೆ ಬಸ್ಸಿನಲ್ಲೂ ಬೇಕು, ನೀವೇ ತರಬೇಕು. ಇದು ಗೊತ್ತಿಲ್ಲದೆ ಬೆಳಗ್ಗೆ ಆರೂವರೆಗೆ ಡಿಪೋದಲ್ಲಿ ಪರದಾಡುವವರು ಇದ್ದಾರೆ.

ಇನ್ನು ದೂರದ ಲೆಕ್ಕ. ಆಂಕರೇಜ್‌ನಿಂದ ಪಾರ್ಕಿನ ಬಾಗಿಲಿಗೆ ಸುಮಾರು 240 ಮೈಲಿ, ನಾಲ್ಕರಿಂದ ಐದು ಗಂಟೆ. ಹೋಗಿ, ಬಸ್ಸು ಹತ್ತಿ, ಅದೇ ದಿನ ವಾಪಸ್ ಅನ್ನುವುದು ಹುಚ್ಚುತನ. ಹಿಂದಿನ ರಾತ್ರಿ ಪಾರ್ಕಿನ ಬಾಗಿಲ ಹತ್ತಿರವೋ, 11 ಮೈಲಿ ಉತ್ತರದ ಹೀಲಿಯಲ್ಲೋ ಉಳಿಯಬೇಕು. ಹೀಲಿಯಲ್ಲಿ ರೂಮು ಸ್ವಲ್ಪ ಅಗ್ಗ. ಫೇರ್‌ಬ್ಯಾಂಕ್ಸ್‌ನಿಂದಾದರೆ 120 ಮೈಲಿ, ಒಂದೇ ದಿನದಲ್ಲಿ ಮಾಡಬಹುದು.

ಟಾಲ್ಕೀಟ್ನಾದ ವಿಮಾನ

ಪರ್ವತ ನೋಡಲೇಬೇಕು ಅಂತ ಹಠ ಇರುವವರಿಗೆ ಇದು. ಟಾಲ್ಕೀಟ್ನಾ ಆಂಕರೇಜ್‌ನಿಂದ ಸುಮಾರು 115 ಮೈಲಿ, ಎರಡೂವರೆ ಗಂಟೆಯ ದಾರಿ. ಶಿಖರ ಏರುವವರೆಲ್ಲ ಮೊದಲು ಬಂದು ಹೆಸರು ಬರೆಸುವುದು ಇಲ್ಲಿಯ ರೇಂಜರ್ ಕಚೇರಿಯಲ್ಲಿ. ಮೇ, ಜೂನ್‌ನಲ್ಲಿ ಹೋದರೆ ಮುಖ ಸುಟ್ಟುಕೊಂಡು, ಗಾಗಲ್ಸ್ ಹಾಕಿದ ಜಾಗ ಮಾತ್ರ ಬಿಳಿ ಉಳಿದಿರುವ ಹುಡುಗರು ಹೋಟೆಲಿನಲ್ಲಿ ತಟ್ಟೆ ತಟ್ಟೆ ತಿನ್ನುತ್ತಾ ಕೂತಿರುತ್ತಾರೆ. ತುದಿಯಲ್ಲಿ ಮೊದಲು ಕಾಲಿಟ್ಟವನು ವಾಲ್ಟರ್ ಹಾರ್ಪರ್, 1913ರ ಜೂನ್ 7ರಂದು. ಅಲಾಸ್ಕಾದ ಮೂಲನಿವಾಸಿ ತಾಯಿಯ ಮಗ, ಆಗ ಅವನಿಗೆ ಇಪ್ಪತ್ತರ ವಯಸ್ಸು.

ವಿಮಾನ ಚಿಕ್ಕದು. ಸೀಟು ಹಂಚುವುದು ತೂಕದ ಮೇಲೆ, ಹಾಗಾಗಿ ಕೌಂಟರಿನಲ್ಲಿ ಎಲ್ಲರೆದುರಿಗೇ ತೂಕ ಕೇಳುತ್ತಾರೆ. ಮನೆಯಲ್ಲಿ ನಾಚಿಕೆ ಪಡುವವರಿದ್ದರೆ ಮೊದಲೇ ಹೇಳಿಟ್ಟಿರಿ. ಗಂಟೆ ಒಂದೂವರೆ ಗಂಟೆಯ ಹಾರಾಟ. ಸ್ಕೀ ಕಟ್ಟಿದ ವಿಮಾನವಾದರೆ ರೂತ್ ಹಿಮನದಿಯ ಮೇಲೆ ಇಳಿಸುತ್ತಾರೆ. ಅದರ ಕಣಿವೆಯ ಎರಡೂ ಬದಿ ಐದು ಸಾವಿರ ಅಡಿಯ ಗ್ರಾನೈಟ್ ಗೋಡೆಗಳು. ಇಳಿದು, ಅವರು ಕೊಟ್ಟ ದೊಡ್ಡ ಬೂಟು ಹಾಕಿಕೊಂಡು ಹಿಮದ ಮೇಲೆ ನಿಂತರೆ ಮೊದಲು ಗೊತ್ತಾಗುವುದು ಬಿಸಿಲು. ಕೆಳಗಿನಿಂದಲೂ ಬೆಳಕು ಬರುತ್ತದೆ, ಗಲ್ಲದ ಅಡಿ ಸುಡುತ್ತದೆ. ಕಪ್ಪು ಕನ್ನಡಕ ಇಲ್ಲದಿದ್ದರೆ ಕಣ್ಣು ಬಿಡುವುದೂ ಕಷ್ಟ. ಎಂಜಿನ್ ನಿಲ್ಲಿಸಿದ ಮೇಲೆ ಎಲ್ಲೋ ದೂರದಲ್ಲಿ ಹಿಮ ಕುಸಿದ ಗುಡುಗು ಕೇಳಿಸಬಹುದು.

ಎಲ್ಲ ಸರಿ ಹೋದರೆ ನಾಲ್ಕರಲ್ಲಿ ಇದನ್ನು ಮೀರಿಸುವುದು ಯಾವುದೂ ಇಲ್ಲ. ಒಪ್ಪುತ್ತೇನೆ. ಆದರೆ ನನ್ನ ಪ್ರಶ್ನೆಗೆ ಇದರ ಉತ್ತರ ಅಷ್ಟು ಚೆನ್ನಾಗಿಲ್ಲ. ಮೋಡ ಕವಿದರೆ ವಿಮಾನ ಏಳುವುದೇ ಇಲ್ಲ. ದುಡ್ಡು ಸಾಮಾನ್ಯವಾಗಿ ವಾಪಸ್ ಬರುತ್ತದೆ, ದಿನ ಬರುವುದಿಲ್ಲ. ಅರ್ಧಂಬರ್ಧ ಮೋಡವಾದರೆ ದಾರಿ ಬದಲಿಸಿ ಹಾರುತ್ತಾರೆ, ಇಳಿಸುವುದಿಲ್ಲ. ಬೇಸಿಗೆಯ ಕೊನೆಗೆ ಹಿಮ ಮೆತ್ತಗಾಗಿ, ಬಿರುಕು ಬಿಟ್ಟು, ಇಳಿಯುವುದು ನಿಲ್ಲುವುದೂ ಉಂಟು. ಹಿಮನದಿಯ ಮೇಲೆ ಇಳಿಯುವ ಹಾರಾಟಕ್ಕೆ ತಲೆಗೆ 400 ಡಾಲರ್ ದಾಟುತ್ತದೆ. ಐದು ಜನರ ಮನೆಗೆ ಇದು ಜೇಬಿಗೆ ಭಾರವೇ.

ಹಾಗಾಗಿ ಟಾಲ್ಕೀಟ್ನಾದಲ್ಲಿ ಎರಡು ದಿನ ಇರುವವರು ಮೊದಲ ದಿನಕ್ಕೇ ಬುಕ್ ಮಾಡಿ. ಕೈಕೊಟ್ಟರೆ ಮರುದಿನಕ್ಕೆ ಹಾಕಿಸಿಕೊಳ್ಳಬಹುದು. ಒಂದೇ ದಿನ ಇರುವವರು ಇದನ್ನೇ ನಂಬಿ ಕೂರಬೇಡಿ. ಪ್ರಾಣಿ ನೋಡುವ ಆಸೆಯಂತೂ ಇಲ್ಲಿ ಇಟ್ಟುಕೊಳ್ಳಲೇಬೇಡಿ. ಬಂಡೆ, ಹಿಮ ಬಿಟ್ಟರೆ ಅಲ್ಲಿ ಏನೂ ಇಲ್ಲ. ಚಿಕ್ಕ ವಿಮಾನ ಗಾಳಿಗೆ ಕುಲುಕುತ್ತದೆ, ಘಾಟಿ ರಸ್ತೆಯಲ್ಲಿ ವಾಂತಿ ಮಾಡಿಕೊಳ್ಳುವವರು ಮಾತ್ರೆ ತೆಗೆದುಕೊಂಡೇ ಹತ್ತಿ.

ರೈಲು

ಅಲಾಸ್ಕಾ ರೈಲ್‌ರೋಡ್‌ನ ಡೆನಾಲಿ ಸ್ಟಾರ್ ಬೇಸಿಗೆಯಲ್ಲಿ ದಿನಾ ಆಂಕರೇಜ್‌ನಿಂದ ಫೇರ್‌ಬ್ಯಾಂಕ್ಸ್‌ಗೆ ಓಡುತ್ತದೆ. 356 ಮೈಲಿ, ಹನ್ನೆರಡು ಗಂಟೆ. ಡೆನಾಲಿ ಸ್ಟೇಷನ್ ತಲುಪುವಾಗ ಮಧ್ಯಾಹ್ನ ನಾಲ್ಕರ ಸುಮಾರು. ಅಂದರೆ ರೈಲೂ ಬಸ್ಸೂ ಒಂದೇ ದಿನದಲ್ಲಿ ಮುಗಿಸಲು ಆಗುವುದಿಲ್ಲ.

ರೈಲನ್ನು ಪೂರ್ತಿ ಒಂದು ಪ್ರವಾಸ ಅಂತ ನೋಡಿದರೆ ನನಗೆ ಅದು ಸ್ವಲ್ಪ ಸಪ್ಪೆ. ಗಾಜಿನ ಮಾಡು, ಒಳ್ಳೆಯ ಊಟ, ಹರಿಕೇನ್ ಗಲ್ಚ್‌ನಲ್ಲಿ 296 ಅಡಿ ಎತ್ತರದ 1921ರ ಸೇತುವೆ, ಇವೆಲ್ಲ ಸರಿ. ಆದರೆ ಗಂಟೆಗಟ್ಟಲೆ ಸ್ಪ್ರೂಸ್ ಮರ, ಬರ್ಚ್ ಮರ, ಮತ್ತೆ ಸ್ಪ್ರೂಸ್ ಮರ. ಮೂಸ್ ಅನ್ನುವ ದೊಡ್ಡ ಜಿಂಕೆ ಕಂಡರೂ ರೈಲು ಬಸ್ಸಿನ ಹಾಗೆ ನಿಂತು ಕಾಯುವುದಿಲ್ಲ. ಆದರೂ ಮೊಣಕಾಲು ನೋವಿರುವವರಿಗೆ, ಗಂಟೆಗೊಮ್ಮೆ ಎದ್ದು ಓಡಾಡಲೇಬೇಕಾದವರಿಗೆ ರೈಲೇ ಸುಖ. ಟಾಯ್ಲೆಟ್ ಪಕ್ಕದಲ್ಲೇ ಇರುತ್ತದೆ, ಇದನ್ನು ಕಡೆಗಣಿಸಬೇಡಿ.

ಬುದ್ಧಿವಂತರು ಮಾಡುವುದು ಇನ್ನೊಂದು. ಬೆಳಗ್ಗೆ ಎಂಟೂ ಚಿಲ್ಲರೆಗೆ ಆಂಕರೇಜ್‌ನಲ್ಲಿ ರೈಲು ಹತ್ತಿ ಹನ್ನೊಂದರ ಸುಮಾರಿಗೆ ಟಾಲ್ಕೀಟ್ನಾದಲ್ಲಿ ಇಳಿಯುವುದು. ಆಕಾಶ ತೆರೆದಿದ್ದರೆ ವಿಮಾನ. ಮುಚ್ಚಿದ್ದರೆ ಊರು ಸುತ್ತಿ, ನದಿ ದಡದಲ್ಲಿ ಕೂತು, ಸಂಜೆ ವಾಪಸ್ ಬರುವ ರೈಲು ಹತ್ತುವುದು. ಕಾರಿಲ್ಲದೆ, ಡ್ರೈವಿಂಗ್ ಸುಸ್ತಿಲ್ಲದೆ ಒಂದು ದಿನ ಆಗುತ್ತದೆ. ವಿಮಾನ ಕೈಕೊಟ್ಟರೂ ದಿನ ಪೂರ್ತಿ ಹಾಳಲ್ಲ.

ಟಾಲ್ಕೀಟ್ನಾದಿಂದಲೇ ಹೊರಡುವ ಹರಿಕೇನ್ ಟರ್ನ್ ಅನ್ನುವ ರೈಲು ಬೇರೆಯೇ ಬಗೆ. ಬೇಸಿಗೆಯಲ್ಲಿ ಗುರುವಾರದಿಂದ ಸೋಮವಾರದವರೆಗೆ ಓಡುತ್ತದೆ. ರಸ್ತೆಯೇ ಇಲ್ಲದ ಜಾಗದಲ್ಲಿ ಮನೆ ಮಾಡಿಕೊಂಡವರು ಹಳಿಯ ಪಕ್ಕ ನಿಂತು ಬಟ್ಟೆ ಬೀಸಿದರೆ ನಿಲ್ಲುತ್ತದೆ. ಅವರ ಜೊತೆ ದಿನಸಿ ಮೂಟೆ, ನಾಯಿ, ಸೀಮೆಎಣ್ಣೆ ಡಬ್ಬ ಏರುತ್ತವೆ. ಕಂಡಕ್ಟರೇ ಕಥೆ ಹೇಳುತ್ತಾರೆ. ಬೆಟ್ಟಗಿಟ್ಟ ಏನೂ ಕಾಣದಿದ್ದರೂ ಜನ ಕಾಣುತ್ತಾರೆ. ಇದರಲ್ಲಿ ತಿಂಡಿ ಮಾರುವುದಿಲ್ಲ, ಕಟ್ಟಿಕೊಂಡು ಹೋಗಬೇಕು.

ಆರ್ಕ್ಟಿಕ್ ವೃತ್ತ, ಲಾರಿ ರಸ್ತೆಯಲ್ಲಿ

ಫೇರ್‌ಬ್ಯಾಂಕ್ಸ್‌ನಿಂದ ಆರ್ಕ್ಟಿಕ್ ವೃತ್ತದ ಬೋರ್ಡಿಗೆ ಸುಮಾರು 200 ಮೈಲಿ. ಹೋಗಿ ಬರಲು ಹದಿನಾಲ್ಕರಿಂದ ಹದಿನಾರು ಗಂಟೆ. ಬಹುಪಾಲು ದಾರಿ ಡಾಲ್ಟನ್ ಹೆದ್ದಾರಿ. ಉತ್ತರ ತುದಿಯ ಎಣ್ಣೆ ಬಾವಿಗಳಿಗೆ ಸಾಮಾನು ಸಾಗಿಸಲು 1974ರಲ್ಲಿ ಐದೇ ತಿಂಗಳಲ್ಲಿ ಹಾಕಿದ ರಸ್ತೆ. ಪೂರ್ತಿ ಉದ್ದಕ್ಕೆ ಸಾರ್ವಜನಿಕರನ್ನು ಬಿಟ್ಟಿದ್ದು 1994ರಲ್ಲಿ. ಇವತ್ತಿಗೂ ಅದು ಲಾರಿಗಳ ರಸ್ತೆಯೇ. ಎದುರಿಗೆ ದೊಡ್ಡ ಲಾರಿ ಬಂದರೆ ವ್ಯಾನ್ ಪಕ್ಕಕ್ಕೆ ಸರಿದು ನಿಲ್ಲುತ್ತದೆ, ಕಲ್ಲು ಸಿಡಿಯುತ್ತದೆ, ಮಣ್ಣು ಗಾಜಿಗೆ ಅಂಟಿ ಕೂರುತ್ತದೆ. ಬಾಡಿಗೆ ಕಾರಿನ ಕಂಪನಿಗಳಲ್ಲಿ ಹೆಚ್ಚಿನವು ಈ ರಸ್ತೆಗೆ ಕಾರು ಒಯ್ಯಲು ಬಿಡುವುದಿಲ್ಲ. ಕಾಗದ ಓದದೆ ಹೋಗಿ ಸಿಕ್ಕಿಬಿದ್ದರೆ ಎಳೆದು ತರುವ ಖರ್ಚು ನಿಮ್ಮದು. ಹಾಗಾಗಿ ಇಲ್ಲಿ ಗೈಡ್ ಇರುವ ವ್ಯಾನ್ ಹಿಡಿಯುವುದೇ ಸರಿ.

ಏನು ಸಿಗುತ್ತದೆ? ಬೋರ್ಡಿನ ಪಕ್ಕ ನಿಂತು ಫೋಟೋ, ವೃತ್ತ ದಾಟಿದ್ದಕ್ಕೆ ಒಂದು ಸರ್ಟಿಫಿಕೇಟು. ಅದಷ್ಟೇ ಆಗಿದ್ದರೆ ನಾನು ಬೇಡ ಅನ್ನುತ್ತಿದ್ದೆ. ಈ ದಾರಿಯ ನಿಜವಾದ ನೋಟ ಪಕ್ಕದಲ್ಲೇ ಓಡುವ ಪೈಪ್‌ಲೈನ್. 800 ಮೈಲಿ ಉದ್ದ, 48 ಇಂಚು ವ್ಯಾಸ, 1977ರಿಂದ ಎಣ್ಣೆ ಸಾಗಿಸುತ್ತಿದೆ. ಅರ್ಧಕ್ಕಿಂತ ಜಾಸ್ತಿ ನೆಲದ ಮೇಲೆ ಕಂಬಗಳ ಮೇಲಿದೆ. ಬಿಸಿ ಎಣ್ಣೆಯ ಪೈಪನ್ನು ಹೂತರೆ ಹೆಪ್ಪುಗಟ್ಟಿದ ನೆಲ ಕರಗಿ ಪೈಪೇ ಕುಸಿಯುತ್ತದೆ, ಅದಕ್ಕೆ. ಕಂಬದ ನೆತ್ತಿಯಲ್ಲಿ ಬೆಳ್ಳಿ ಬಣ್ಣದ ರೆಕ್ಕೆಗಳಿರುವ ಕೊಳವೆಗಳು ಕಾಣುತ್ತವಲ್ಲ, ಅವುಗಳೊಳಗೆ ಅಮೋನಿಯಾ ಇದೆ. ಚಳಿಗಾಲದಲ್ಲಿ ಅದು ನೆಲದ ಬಿಸಿಯನ್ನು ಎಳೆದು ಗಾಳಿಗೆ ಬಿಡುತ್ತದೆ, ನೆಲ ಗಟ್ಟಿಯಾಗೇ ಉಳಿಯುತ್ತದೆ. ಪೈಪು ನೇರ ಹೋಗದೆ ಅಂಕುಡೊಂಕಾಗಿ ಹೋಗುವುದು ಬಿಸಿಗೆ ಹಿಗ್ಗಲು, ಭೂಕಂಪಕ್ಕೆ ಅಲುಗಾಡಲು ಜಾಗ ಇರಲಿ ಅಂತ. 2002ರಲ್ಲಿ ಡೆನಾಲಿ ಫಾಲ್ಟ್ ಅನ್ನುವ ಭೂಪದರದ ಬಿರುಕಿನಲ್ಲಿ 7.9ರ ಭೂಕಂಪ ಆದಾಗ ಪೈಪು ತನ್ನ ಜಾರುಪಟ್ಟಿಗಳ ಮೇಲೆ ಸರಿಯಿತು, ಎಣ್ಣೆ ಚೆಲ್ಲಲಿಲ್ಲ. ಮನೆಯಲ್ಲಿ ಸಿವಿಲ್ಲೋ ಮೆಕ್ಯಾನಿಕಲ್ಲೋ ಓದಿ ರಿಟೈರ್ ಆದ ಅಪ್ಪ ಇದ್ದರೆ ಕರಡಿಗಿಂತ ಇದನ್ನೇ ಜಾಸ್ತಿ ಹೊತ್ತು ನೋಡುತ್ತಾರೆ.

ಯೂಕಾನ್ ನದಿಯ ಸೇತುವೆಯ ಹತ್ತಿರ ನಿಲ್ಲಿಸುತ್ತಾರೆ. ಅಲಾಸ್ಕಾದಲ್ಲಿ ಆ ನದಿಗೆ ಇರುವ ರಸ್ತೆ ಸೇತುವೆ ಅದೊಂದೇ. ಮುಂದೆ ಫಿಂಗರ್ ಮೌಂಟನ್ ಹತ್ತಿರ ಟಂಡ್ರಾ ಮೇಲೆ ನಡೆಯಬಹುದು. ಮೆತ್ತಗಿನ ಹಾಸಿನ ಅಡಿ ಕೈ ತೂರಿಸಿದರೆ ಬೆರಳು ಮರಗಟ್ಟುವಷ್ಟು ತಣ್ಣಗೆ. ಮೋಡ, ಮಳೆ ಈ ಪ್ರವಾಸವನ್ನು ಕೆಡಿಸುವುದಿಲ್ಲ, ಕೆಸರು ಮಾಡುತ್ತದೆ ಅಷ್ಟೇ. ಕೆಡಿಸುವುದು ಕೂರುವುದು. ಸೊಂಟ ನೋವಿರುವವರು, ಆರು ವರ್ಷದೊಳಗಿನ ಮಕ್ಕಳು ಇದಕ್ಕೆ ಬೇಡವೇ ಬೇಡ. ದುಡ್ಡು ಜಾಸ್ತಿ ಖರ್ಚು ಮಾಡುವುದಾದರೆ ಒಂದು ಕಡೆ ವ್ಯಾನ್, ಇನ್ನೊಂದು ಕಡೆ ಚಿಕ್ಕ ವಿಮಾನ ಇರುವ ಟೂರು ಸಿಗುತ್ತದೆ, ಅರ್ಧ ಕೂರುವುದು ತಪ್ಪುತ್ತದೆ. ಚಳಿಗಾಲದಲ್ಲಿ ಧ್ರುವಪ್ರಭೆ ನೋಡಲು ಬರುವವರಿಗೂ ಈ ದಾರಿ ಉಂಟು. ಡೆನಾಲಿಯ ಬಸ್ಸು ಮೇ 20ರ ಆಸುಪಾಸಿನಿಂದ ಸೆಪ್ಟೆಂಬರ್ ಮಧ್ಯದವರೆಗೆ ಮಾತ್ರ.

ಯಾವಾಗ, ಏನು ಕಟ್ಟಿಕೊಂಡು

ತಿಂಗಳು ಆರಿಸಲು ಸ್ವಾತಂತ್ರ್ಯ ಇದ್ದರೆ ಆಗಸ್ಟ್ ಕೊನೆಯ ವಾರ. ಟಂಡ್ರಾ ಪೂರ್ತಿ ಕೆಂಪಾಗಿರುತ್ತದೆ, ಸೊಳ್ಳೆ ಕಡಿಮೆ, ಕರಡಿಗಳು ಹಣ್ಣಿನ ಮೇಲಿರುತ್ತವೆ. ರಾತ್ರಿ ಮತ್ತೆ ಕತ್ತಲಾಗುವುದರಿಂದ ಧ್ರುವಪ್ರಭೆ ಕಂಡರೂ ಕಂಡೀತು. ಆದರೆ ಅಷ್ಟು ಹೊತ್ತಿಗೆ ಅಮೆರಿಕದ ಎಷ್ಟೋ ಕಡೆ ಶಾಲೆ ಶುರುವಾಗಿರುತ್ತದೆ, ಅದೊಂದೇ ತೊಂದರೆ. ಜೂನ್‌ನಲ್ಲಿ ರಾತ್ರಿ ಹನ್ನೊಂದಕ್ಕೂ ಬೆಳಕು, ಜೊತೆಗೆ ಸೊಳ್ಳೆ. ತಲೆಗೆ ಹಾಕುವ ಬಲೆ ಆಂಕರೇಜ್‌ನಲ್ಲೇ ಕೊಳ್ಳಿ, ಅಗ್ಗವಾಗಿ ಸಿಗುತ್ತದೆ.

ಊಟದ ವಿಷಯ ನಮ್ಮವರಿಗೆ ದೊಡ್ಡದು. ಬಸ್ಸಿನ ದಾರಿಯಲ್ಲಿ ಒಂದು ಅಂಗಡಿಯೂ ಇಲ್ಲ. ಡಾಲ್ಟನ್‌ನಲ್ಲಿ ಯೂಕಾನ್ ಹತ್ತಿರ ಬರ್ಗರ್ ಸಿಗುತ್ತದೆ, ಸಸ್ಯಾಹಾರಿಗಳಿಗೆ ಆಲೂಗಡ್ಡೆ ಫ್ರೈಸ್. ಆಂಕರೇಜ್‌ನಲ್ಲಿ ಅಡುಗೆಮನೆ ಇರುವ ರೂಮು ಹಿಡಿದು ಚಪಾತಿ, ಪುಳಿಯೋಗರೆ, ಚಟ್ನಿಪುಡಿ ಕಟ್ಟಿಕೊಳ್ಳುವುದು ವಾಸಿ. ಮೊಸರನ್ನ ಕುಲುಕಾಟಕ್ಕೆ ಚೆಲ್ಲುತ್ತದೆ. ತಿಂದ ಕಾಗದ, ಸಿಪ್ಪೆ ಯಾವುದನ್ನೂ ಹೊರಗೆ ಬಿಡಬೇಡಿ. ಮನುಷ್ಯರ ತಿಂಡಿಯ ರುಚಿ ಹತ್ತಿದ ಕರಡಿಯನ್ನು ಕೊನೆಗೆ ಕೊಲ್ಲಬೇಕಾಗಿ ಬರಬಹುದು. ಜುಲೈನಲ್ಲೂ ಒಂದು ಸ್ವೆಟರ್, ಮಳೆ ಜಾಕೆಟ್, ಕಿವಿ ಮುಚ್ಚುವ ಟೋಪಿ ಇರಲಿ. ಕಿಟಕಿ ಇಳಿಸಿದ ಬಸ್ಸಿನಲ್ಲಿ ಅಮ್ಮನಿಗೆ ಶಾಲೂ ಬೇಕಾಗುತ್ತದೆ. ಬೈನಾಕ್ಯುಲರ್ ಮನೆಗೆ ಒಂದು ಸಾಲದು, ಕಿತ್ತಾಟ ಆಗುತ್ತದೆ.

ಅಪ್ಪ ಅಮ್ಮ ಭಾರತದ ಪಾಸ್‌ಪೋರ್ಟಿನಲ್ಲಿ ಅಮೆರಿಕದ ವಿಸಿಟರ್ ವೀಸಾ ಮೇಲೆ ಬಂದಿದ್ದರೆ ನೇರ ವಿಮಾನದಲ್ಲೇ ಅಲಾಸ್ಕಾಗೆ ಹೋಗಿ. ಕಾರಿನಲ್ಲಿ ಹೋಗುವುದಾಗಲಿ, ವ್ಯಾಂಕೂವರ್‌ನಿಂದ ಹಡಗು ಹತ್ತುವುದಾಗಲಿ ಮಾಡಿದರೆ ಕೆನಡಾ ವೀಸಾ ಬೇಕು. ವಾಪಸ್ ಅಮೆರಿಕಕ್ಕೆ ಬರಲು ಅವರ ವೀಸಾ ಇನ್ನೊಂದು ಸಲ ಬಳಸಲು ಬರುತ್ತದಾ ಅಂತಲೂ ನೋಡಿಕೊಳ್ಳಬೇಕು.

ಬುಕಿಂಗ್‌ನಲ್ಲಿ ಮೊದಲು ತುಂಬುವುದು ಬೆಳಗ್ಗೆ ಹೊರಡುವ ಟಂಡ್ರಾ ಟೂರಿನ ಸೀಟು. ಅದು ಸಿಗದಿದ್ದರೆ ಟ್ರಾನ್ಸಿಟ್ ನೋಡಿ. ಅದೂ ಸಿಗದಿದ್ದರೆ ಸ್ಯಾವೇಜ್ ನದಿಯವರೆಗೆ ಹೋಗುವ ಶಟಲ್ ಬಸ್ಸು ಪುಕ್ಕಟೆ. ಹೋಗಿ ಬರಲು ಎರಡು ಗಂಟೆ, ಆ 15 ಮೈಲಿಯಲ್ಲೂ ಮೂಸ್ ಕಾಣುತ್ತವೆ, ಅದೃಷ್ಟ ಇದ್ದರೆ 9ನೇ ಮೈಲಿಯ ನಂತರ ಪರ್ವತವೂ. ಮಧ್ಯಾಹ್ನಕ್ಕೆ ರೇಂಜರ್‌ಗಳು ಸ್ಲೆಡ್ಜ್ ಎಳೆಯುವ ನಾಯಿಗಳನ್ನು ತೋರಿಸುತ್ತಾರೆ, ಅದಕ್ಕೂ ಟಿಕೆಟ್ ಇಲ್ಲ. ಆಂಕರೇಜ್‌ಗೆ ವಾಪಸ್ ಹೋಗುವಾಗ ಪಾರ್ಕ್ಸ್ ಹೆದ್ದಾರಿಯ 135ನೇ ಮೈಲಿಯಲ್ಲಿ ಡೆನಾಲಿ ವ್ಯೂಪಾಯಿಂಟ್ ಸೌತ್ ಅಂತ ಬೋರ್ಡ್ ಇದೆ, ಆಕಾಶ ತಿಳಿಯಾಗಿದ್ದರೆ ಅಲ್ಲಿ ಗಾಡಿ ನಿಲ್ಲಿಸಿ.